ಮೂವತ್ತಾರನೆಯ ಸ್ಥಾನ

ಹಿರಿಯೂರಿನ ಮಾರ್ಗವಾಗಿ ಬೆಂಗಳೂರಿನಿಂದ ಚಿತ್ರದುರ್ಗಕ್ಕೆ ಸುಮಾರು 200 ಕಿ.ಮೀ. ಇಪ್ಪತ್ತೆರಡು ಸಲ ಹೋಗಿ ಬಂದರೆ ಎಷ್ಟು ದೂರವೋ, ಹೆಚ್ಚುಕಡಿಮೆ ಅಷ್ಟನ್ನು ಬೆಂಗಳೂರಿನ ಸಿ.ಎಸ್. ಸಂತೋಷ್ ಅವರು 2015ರ ಜನವರಿಯಲ್ಲಿ ಎರಡೇ ವಾರಗಳಲ್ಲಿ ಮೋಟಾರ್ ಸೈಕಲ್ಲಿನ ಮೇಲೆ ಕ್ರಮಿಸಿದರು. ಅದೂ ದಕ್ಷಿಣ ಅಮೆರಿಕದ ಮರಳುಗಾಡು, ಉಪ್ಪುಬಯಲುಗಳಲ್ಲಿ! ಡಕಾರ್ ರ‍್ಯಾಲಿಯನ್ನು ಮುಗಿಸಿದ ಮೊದಲ ಭಾರತೀಯರು ಅವರೇ. ದೊರೆತದ್ದು 36ನೆಯ ಸ್ಥಾನ. ಇಷ್ಟೇ ತಾನೇ ಎನ್ನುವವರು 2013ನ್ನು ನೆನೆಯಬೇಕು. ಆಗ ಅಬುಧಾಬಿಯ ಮರಳಿನಲ್ಲಿ ವಾಹನಕ್ಕೆ ಬೆಂಕಿ ಹತ್ತಿ ಅವರ ಕೊರಳು ಸುಟ್ಟಿತ್ತು. ಮೋಟೋಕ್ರಾಸ್‌ನಲ್ಲಿ ರಾಷ್ಟ್ರೀಯ ಚಾಂಪಿಯನ್ ಎನಿಸಿದವರಿಗೆ ಊರಿನಲ್ಲಿ ಕುಳಿತರೂ ಕೀರ್ತಿಗೆ ಕೊರತೆಯಿರಲಿಲ್ಲ. ಆದರೂ ಮರಳಿಗೇ ಹೋದರು, 2018ರಲ್ಲಿ 34ನೆಯವರಾದರು. 2021ರಲ್ಲಿ ಸೌದಿ ಅರೇಬಿಯಾದಲ್ಲಿ ಬಿದ್ದಾಗ, ರಿಯಾದ್ ಆಸ್ಪತ್ರೆಯ ವೈದ್ಯರು ಪ್ರಜ್ಞೆ ತಪ್ಪಿಸಿಯೇ ದಿನಗಟ್ಟಲೆ ಮಲಗಿಸಬೇಕಾಯಿತು. ಕಣ್ತೆರೆದು ಬೆಂಗಳೂರಿಗೆ ಹಿಂದಿರುಗಿದರು.