ಅತಿಯಾ ಕಂಡ ಲಂಡನ್

ಮುಂಬಯಿಯ ಹಳೆಯ ಮನೆತನಗಳ ಮಾತು ಬಂದಾಗ ನಾವು ತಯ್ಯಬ್‌ಜಿಯವರನ್ನು ನೆನೆಯುತ್ತೇವೆ. ಅದೇ ಬಳಗದ ಅತಿಯಾ ಫೈಜಿಯವರನ್ನು ಮರೆಯುತ್ತೇವೆ. 1906ರಲ್ಲಿ ಸರ್ಕಾರಿ ವಿದ್ಯಾರ್ಥಿವೇತನ ಪಡೆದು, ಅಧ್ಯಾಪಕಿಯ ತರಬೇತಿಗೆಂದು ಅವರು ಲಂಡನ್ನಿನ ಮರಿಯಾ ಗ್ರೇ ಕಾಲೇಜನ್ನು ಸೇರಿದರು. ಅಲ್ಲಿಂದ ಸೋದರಿಯರಿಗೆ ಬರೆದು ಕಳಿಸಿದ ದಿನಚರಿ ಲಾಹೋರಿನ ಉರ್ದು ಮಹಿಳಾ ಪತ್ರಿಕೆ ‘ತಹಜೀಬ್-ಎ-ನಿಸ್ವಾನ್’ನಲ್ಲಿ ಕಂತುಕಂತಾಗಿ ಅಚ್ಚಾಯಿತು. ಪಾಠ, ಊಟ, ಉಡುಪು, ಭೇಟಿಯಾದವರು, ಎಲ್ಲವೂ ಅದರಲ್ಲಿವೆ. ಆಂಗ್ಲ ಪ್ರವಾಸಿಗಳು ನಮ್ಮ ಅಂತಃಪುರಗಳನ್ನು ವರ್ಣಿಸಿದ್ದನ್ನು ನಾವು ಸಾಕಷ್ಟು ಓದಿದ್ದೇವೆ. ಇಲ್ಲಿ ಮುಸ್ಲಿಂ ಹೆಣ್ಣೊಬ್ಬಳು ಆಂಗ್ಲರ ಮನೆಯೊಳಹೊಕ್ಕು ನೋಡುತ್ತಾಳೆ. ಪರದೆಯೊಳಗಿನ ಓದುಗಿತ್ತಿಯರಿಗೂ ಲಂಡನ್ ಕಂಡದ್ದು ಆ ಕಣ್ಣುಗಳಿಂದಲೇ. 1907ರಲ್ಲಿ ತರಬೇತಿ ಮುಗಿಸದೆಯೇ ಅತಿಯಾ ಮರಳಿದರು. ಸೋತ ವಿದ್ಯಾರ್ಥಿನಿಯೆಂದು ಅವರನ್ನು ಬದಿಗಿಡಬಹುದೇ? ನಮಗೆ ಹಾಗನ್ನಿಸದು. 1921ರಲ್ಲಿ ಆ ಬರಹಗಳು ಪುಸ್ತಕವಾದವು. ಹೆಸರು ‘ಜಮಾನಾ-ಎ-ತಹಸೀಲ್’, ಎಂದರೆ ಕಲಿಕೆಯ ಕಾಲ.