ಹುಟ್ಟುವ ಮೊದಲೇ ಲೆಕ್ಕಕ್ಕೆ ಸಿಕ್ಕವರು

ಜನಸಂಖ್ಯೆಯ ಮಾತು ಬಂದಾಗಲೆಲ್ಲ ಈಗ ಆಫ್ರಿಕಾದ ಕಡೆ ಬೆರಳು ತೋರಿಸುವುದು ರೂಢಿ. 1950ರಲ್ಲಿ ಸುಮಾರು 23 ಕೋಟಿ ಜನರಿದ್ದ ಆ ಖಂಡದಲ್ಲಿ ಇಂದು ಸುಮಾರು 150 ಕೋಟಿ ಜನರಿದ್ದಾರೆ. ಅರ್ಧದಷ್ಟು ಮಂದಿಗೆ ಇನ್ನೂ ಇಪ್ಪತ್ತು ತುಂಬಿಲ್ಲ. ಈ ಲೆಕ್ಕ ಹೇಳುವವರ ದನಿಯಲ್ಲಿ ಆತಂಕವೇ ಹೆಚ್ಚು. ಹುಟ್ಟುವ ಮಗು ಅವರಿಗೆ ಮೊದಲು ಒಂದು ಸಂಖ್ಯೆ, ಆಮೇಲೆ ಮನುಷ್ಯ. ಇಂಥ ಮಾತು ಕೇಳಿದಾಗ ನನಗೆ ಸಂಪಾಜೆ, ಸುಳ್ಯದ ಚರಿತ್ರೆ ನೆನಪಾಗುತ್ತದೆ.

ಸಂಪಾಜೆ ಎರಡಿವೆ: ಒಂದು ದಕ್ಷಿಣ ಕನ್ನಡದ್ದು, ಇನ್ನೊಂದು ಕೊಡಗಿನದು. 1834ರಲ್ಲಿ ಕೊಡಗನ್ನು ವಶಪಡಿಸಿಕೊಂಡ ಕಂಪನಿ ಸರಕಾರ ಅಮರ ಸುಳ್ಯವನ್ನು ಕೆನರಾ ಜಿಲ್ಲೆಗೆ ಸೇರಿಸಿತು. ಕೂತಲ್ಲಿಂದ ಏಳದೆಯೇ ರೈತರು ಬೇರೆ ಜಿಲ್ಲೆಯವರಾದರು. ಬೆಳೆಯ ರೂಪದಲ್ಲಿ ಕೊಡುತ್ತಿದ್ದ ಕಂದಾಯವನ್ನು ಹಣದಲ್ಲಿ ಕಟ್ಟಬೇಕಾಯಿತು. 1837ರ ಅಮರ ಸುಳ್ಯ ದಂಗೆಗೆ ಇದೂ ಒಂದು ಕಾರಣ. ಗೆರೆಯೊಂದು ಜನರ ಬದುಕನ್ನು ಹೇಗೆ ಬದಲಿಸುತ್ತದೆಂದು ಈ ಊರುಗಳಿಗೆ ಆಗಲೇ ಗೊತ್ತಿತ್ತು.

ಹೆಚ್ಚುಕಡಿಮೆ ಅದೇ ಕಾಲಕ್ಕೆ ತಮಿಳು ಸೀಮೆಯ ಬಡವರು ಕೂಲಿಗಾಗಿ ಸಿಲೋನಿನ ಕಾಫಿ ತೋಟಗಳಿಗೆ ಹೋಗತೊಡಗಿದ್ದರು. 1869ರಲ್ಲಿ ಕಾಣಿಸಿಕೊಂಡ ಎಲೆರೋಗ ಕಾಫಿಯನ್ನು ನಾಶಮಾಡಿತು; ಚಹಾ ಬಂತು, ರಬ್ಬರ್ ಬಂತು. ಕೂಲಿಗಳು ಮಾತ್ರ ಅವರೇ. ಮೂರು ನಾಲ್ಕು ತಲೆಮಾರು ಅಲ್ಲೇ ಹುಟ್ಟಿ ಅಲ್ಲೇ ಮಣ್ಣಾದವು. 1948ರಲ್ಲಿ ಸಿಲೋನ್ ಸ್ವತಂತ್ರವಾಯಿತು. ಅದೇ ವರ್ಷದ ಪೌರತ್ವ ಕಾನೂನು ಅವರಲ್ಲಿ ಬಹುತೇಕರನ್ನು ಯಾವ ದೇಶಕ್ಕೂ ಸೇರದವರನ್ನಾಗಿ ಮಾಡಿತು.

1964ರ ಅಕ್ಟೋಬರ್ 30ರಂದು ದೆಹಲಿಯಲ್ಲಿ ಲಾಲ್ ಬಹದ್ದೂರ್ ಶಾಸ್ತ್ರಿ ಮತ್ತು ಸಿರಿಮಾವೊ ಬಂಡಾರನಾಯಿಕೆ ಒಂದು ಒಪ್ಪಂದಕ್ಕೆ ಬಂದರು. ಒಟ್ಟು 9,75,000 ಜನ. ಭಾರತಕ್ಕೆ 5,25,000, ಸಿಲೋನಿಗೆ 3,00,000. ಉಳಿದ 1,50,000 ಮಂದಿಯ ಪಾಲನ್ನು ಮುಂದೆ, 1974ರಲ್ಲಿ, ಅರ್ಧರ್ಧ ಹಂಚಿಕೊಂಡರು. ಆಸ್ತಿ ಪಾಲಾದ ಹಾಗೆಯೇ. ಒಪ್ಪಂದದಲ್ಲಿ ಇನ್ನೊಂದು ಮಾತಿತ್ತು: ಈ ಜನರ ಜೊತೆಗೆ ಅವರ ಸ್ವಾಭಾವಿಕ ಹೆಚ್ಚಳವೂ ಆಯಾ ದೇಶಕ್ಕೆ ಸೇರತಕ್ಕದ್ದು. ಹೆಚ್ಚಳ ಎಂದರೆ ಮಕ್ಕಳು. ಗರ್ಭದಲ್ಲೂ ಇರದ ಕೂಸುಗಳಿಗೆ ಆಗಲೇ ದೇಶ ನಿಗದಿಯಾಗಿತ್ತು.

ಕಡಲು ದಾಟಿ, ಮಂಡಪಂ ಶಿಬಿರವನ್ನು ಹಾದು ಬಂದವರಲ್ಲಿ ಹಲವು ಕುಟುಂಬಗಳು ಸುಳ್ಯ, ಪುತ್ತೂರಿನ ಕಾಡಂಚಿಗೆ ಬಂದವು. ಕರ್ನಾಟಕ ಅರಣ್ಯ ಅಭಿವೃದ್ಧಿ ನಿಗಮದ ರಬ್ಬರ್ ತೋಟಗಳಲ್ಲಿ ಅವರಿಗೆ ಕೆಲಸ ಸಿಕ್ಕಿತು. ಬಿಸಿಲೇರುವ ಮೊದಲೇ ಮರದ ತೊಗಟೆ ಗೀರಿ ಹಾಲು ಇಳಿಸುವ ಕೆಲಸ. ಮನೆಯೊಳಗೆ ತಮಿಳು, ಶಾಲೆಯಲ್ಲಿ ಕನ್ನಡ, ಪೇಟೆಯಲ್ಲಿ ತುಳು, ಅರೆಭಾಷೆ. ಊರಿನವರ ಬಾಯಲ್ಲಿ ಅವರು ಬಹುಕಾಲ 'ಸಿಲೋನಿನವರು'. ಸಿಲೋನಿನಲ್ಲಿದ್ದಾಗ ಅವರು 'ಇಂಡಿಯಾದವರು'. ಜಾತಿ ಪ್ರಮಾಣಪತ್ರಕ್ಕಾಗಿ ಕಚೇರಿಯಿಂದ ಕಚೇರಿಗೆ ಅಲೆದದ್ದು ಬೇರೆಯೇ ಕಥೆ.

ಜನಗಣತಿಯ ಪುಸ್ತಕದಲ್ಲಿ ಇದೆಲ್ಲ ಒಂದು ತಾಲೂಕಿನ ಜನಸಂಖ್ಯೆ ಏರಿದ ಒಂದು ಸಾಲು ಅಷ್ಟೆ. ಆ ಸಾಲಿನಲ್ಲಿ ಎಷ್ಟು ಪಾಲು ಹುಟ್ಟಿನದು, ಎಷ್ಟು ಪಾಲು ಎರಡು ರಾಜಧಾನಿಗಳ ಸಹಿಯದು ಎಂದು ಅದು ಹೇಳುವುದಿಲ್ಲ. ಆಫ್ರಿಕಾದ ಅಂಕಿಗಳನ್ನು ಓದುವಾಗಲೂ ನಾನು ಇದನ್ನೇ ಕೇಳಿಕೊಳ್ಳುತ್ತೇನೆ. ಅಲ್ಲಿನ ಎಷ್ಟೋ ಗಡಿಗಳನ್ನು ಎಳೆದವರು ಯುರೋಪಿನವರು. ಜನ ಹೆಚ್ಚಾದರು ಎನ್ನುವ ಮೊದಲು, ಅವರು ಎಲ್ಲಿಂದ ಎಲ್ಲಿಗೆ, ಯಾರ ತೋಟಕ್ಕೆ, ಯಾರ ಗೆರೆಯೊಳಗೆ ಬಂದರು ಎಂದು ನೋಡಬೇಡವೇ?

ಶ್ರೀಲಂಕಾದಲ್ಲಿ ಉಳಿದಿದ್ದ ಪೌರತ್ವವಿಲ್ಲದ ಭಾರತ ಮೂಲದವರಿಗೆ 2003ರಲ್ಲಿ ಅಲ್ಲಿಯ ಸಂಸತ್ತು ಕಾನೂನು ಮಾಡಿ ಪೌರತ್ವ ಕೊಟ್ಟಿತು. ಅಷ್ಟು ಹೊತ್ತಿಗೆ ಸುಳ್ಯದ ರಬ್ಬರ್ ಕಾಲೊನಿಗಳಲ್ಲಿ ಆ ದ್ವೀಪವನ್ನೇ ಕಂಡಿರದ ತಲೆಮಾರೊಂದು ಬೆಳೆದು ನಿಂತಿತ್ತು.