ಪ್ರೋಟೀನಿನ ಪಾಠಾಂತರಗಳು

ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ಜಿ.ಎನ್. ರಾಮಚಂದ್ರನ್ 1971ರಲ್ಲಿ ಮಾಲಿಕ್ಯುಲರ್ ಬಯೋಫಿಸಿಕ್ಸ್ ಘಟಕವನ್ನು ಕಟ್ಟಿದರು. ಪ್ರೋಟೀನಿನ ಸರಪಳಿ ಯಾವ ಕೋನಗಳಲ್ಲಿ ಬಾಗಬಲ್ಲದು ಎಂಬ ಅವರ ನಕ್ಷೆ 1963ರಲ್ಲೇ, ಮದರಾಸಿನಲ್ಲಿ ಸಿದ್ಧವಾಗಿತ್ತು. ಘಟಕದ ಹೆಸರೆತ್ತಿದರೆ ಮೊದಲು ನೆನಪಾಗುವುದು ಆ ನಕ್ಷೆಯೇ. ಅಲ್ಲಿ ಮುಂದೆ ನಡೆದ, ಪ್ರೋಟೀನುಗಳ ವಿವರ ಕೂಡಿಡುವ, ಹೋಲಿಸುವ ಕೆಲಸಕ್ಕೂ ಅಷ್ಟೇ ಗೌರವ ಸಲ್ಲಬೇಕೆಂದು ನನ್ನ ಹಟ.

ಆ ಕೆಲಸದ ಬೇರು ಅಮೆರಿಕದ ಮೇರಿಲ್ಯಾಂಡಿನಲ್ಲಿದೆ. 1965ರಲ್ಲಿ ಮಾರ್ಗರೆಟ್ ಡೇಹಾಫ್ ಮತ್ತು ಸಂಗಡಿಗರು ಆವರೆಗೆ ತಿಳಿದಿದ್ದ ಪ್ರೋಟೀನ್ ಅನುಕ್ರಮಗಳನ್ನೆಲ್ಲ, ಅಂದರೆ ಅಮೈನೋ ಆಮ್ಲಗಳ ಸಾಲುಗಳನ್ನೆಲ್ಲ, ಹುಡುಕಿ ಒಂದೇ ಪುಸ್ತಕವಾಗಿ ತಂದರು. ಇದ್ದದ್ದು ಸುಮಾರು 65, ಅಷ್ಟೇ! ಒಂದೊಂದು ಅಮೈನೋ ಆಮ್ಲಕ್ಕೆ ಒಂದೊಂದೇ ಅಕ್ಷರ ಗೊತ್ತುಮಾಡಿದ್ದೂ ಡೇಹಾಫ್. ಚಂದಗುಳಿ, ಯಲ್ಲಾಪುರದ ಕಡೆ ಯಕ್ಷಗಾನ ಪ್ರಸಂಗದ ಎರಡು ಪ್ರತಿಗಳನ್ನು ಎದುರುಬದುರು ಇಟ್ಟು ಪಾಠಾಂತರ ನೋಡಿದವರಿಗೆ, ಹೀಗೆ ಬರೆದ ಎರಡು ಸಾಲುಗಳನ್ನು ಹೋಲಿಸುವುದು ಹೊಸತೆನಿಸದು.

ಇನ್ಸುಲಿನ್ನನ್ನೇ ನೋಡಿ. ಮನುಷ್ಯನದರಲ್ಲಿ 51 ಅಮೈನೋ ಆಮ್ಲಗಳು. ಹಂದಿಯದನ್ನು ಪಕ್ಕಕ್ಕಿಟ್ಟರೆ ಒಂದೇ ಕಡೆ ವ್ಯತ್ಯಾಸ: ಬಿ ಎಳೆಯ ಕೊನೆಯ, 30ನೇ ಸ್ಥಾನದಲ್ಲಿ ನಮ್ಮದು ಥ್ರಿಯೋನಿನ್, ಅದರದು ಅಲನಿನ್. ದನದ್ದು ಮೂರು ಕಡೆ ಬೇರೆ. ಹೀಗಾಗಿಯೇ ಆ ಪ್ರಾಣಿಗಳ ಇನ್ಸುಲಿನ್ ದಶಕಗಳ ಕಾಲ ಸಕ್ಕರೆ ಕಾಯಿಲೆಯವರ ಜೀವ ಕಾಯಿತು.

ಎಲ್ಲ ಹೊಂದಾಣಿಕೆಗೂ ಒಂದೇ ತೂಕವಲ್ಲ. 71 ಪ್ರೋಟೀನ್ ಗುಂಪುಗಳಲ್ಲಿ ಕಂಡ 1,572 ಬದಲಾವಣೆಗಳನ್ನು ಎಣಿಸಿ ಡೇಹಾಫ್ ಬಳಗ 1978ರಲ್ಲಿ ಅಂಕಪಟ್ಟಿಗಳನ್ನು ಪ್ರಕಟಿಸಿತು. ದೂರದ ನಂಟಿಗೆ ಬಳಸುವ ಪ್ಯಾಮ್-250 ಪಟ್ಟಿಯಲ್ಲಿ ಅಲನಿನ್‌ಗೆ ಅಲನಿನ್ ಹೊಂದಿದರೆ 2 ಅಂಕ. ಟ್ರಿಪ್ಟೋಫಾನ್‌ಗೆ ಟ್ರಿಪ್ಟೋಫಾನ್ ಹೊಂದಿದರೆ 17. ವಿಕಾಸದ ಹಾದಿಯಲ್ಲಿ ಟ್ರಿಪ್ಟೋಫಾನ್ ಅಷ್ಟು ಸುಲಭಕ್ಕೆ ಜಾಗ ಬಿಟ್ಟುಕೊಡುವುದಿಲ್ಲ. ನಡುವೆ ಖಾಲಿ ಬಿಟ್ಟಾದರೂ ಎರಡು ಸಾಲುಗಳನ್ನು ಅತ್ಯುತ್ತಮವಾಗಿ ಜೋಡಿಸುವ ಲೆಕ್ಕವನ್ನು ನೀಡಲ್‌ಮನ್ ಮತ್ತು ವುನ್ಷ್ 1970ರಲ್ಲೇ ಕೊಟ್ಟಿದ್ದರು.

ನಂಟು ತೀರ ದೂರದ್ದಾದರೆ ಅಕ್ಷರಗಳ ಹೋಲಿಕೆ ಅಳಿಸಿಹೋಗುತ್ತದೆ. ಸರಪಳಿ ಮಡಚಿಕೊಂಡ ಆಕಾರ ಮಾತ್ರ ಉಳಿದಿರುತ್ತದೆ. ಬೆಂಗಳೂರಿನ ಘಟಕ ಕೈಹಾಕಿದ್ದು ಇಲ್ಲಿಗೆ. ಅಲ್ಲೇ ಓದಿ, ಇಂಗ್ಲೆಂಡಿನಲ್ಲಿ ಟಾಮ್ ಬ್ಲಂಡೆಲ್ ಬಳಿ ದುಡಿದು ಮರಳಿದ ಎನ್. ಶ್ರೀನಿವಾಸನ್, ಆಕಾರದ ಆಧಾರದ ಮೇಲೆ ಅನುಕ್ರಮಗಳನ್ನು ಜೋಡಿಸಿದ ‘ಪಾಲಿ’ ಎಂಬ ಕೋಶವನ್ನು ಶಿಷ್ಯರೊಂದಿಗೆ ಕಟ್ಟಿದರು. ಅದರ ವಿವರ 2001ರಲ್ಲಿ ಪ್ರಕಟವಾಯಿತು. ಆ ವರ್ಷವೇ ರಾಮಚಂದ್ರನ್ ತೀರಿಕೊಂಡರು. 2021ರಲ್ಲಿ ಶ್ರೀನಿವಾಸನ್ ಅವರೂ ಅಗಲಿದರು. ‘ಪಾಲಿ’ಯ ಬೆನ್ನಿಗೇ ಬಂದದ್ದು ‘ಸುಪ್‌ಫಾಮ್’. ರಚನೆ ಇನ್ನೂ ತಿಳಿಯದ ಪ್ರೋಟೀನ್ ಕುಟುಂಬವನ್ನು ರಚನೆ ತಿಳಿದ ಕುಟುಂಬಗಳೊಂದಿಗೆ ಹೋಲಿಸಿ, ಅದರ ದೂರದ ಬಂಧು ಯಾರಿರಬಹುದೆಂದು ಅದು ಸುಳಿವು ಕೊಡುತ್ತಿತ್ತು.